ಶಿಮ್ಲಾದ ವೈಸ್‌ರಾಯ್ ಬಂಗಲೆ: ಪದೇ ಪದೇ ಕೇಳುವ ಪ್ರಶ್ನೆಗಳು

ಶಿಮ್ಲಾಗೆ ಹೋಗಿ ಬಂದವರ ಫೋಟೊಗಳಲ್ಲಿ ಒಂದು ಬೂದು ಬಣ್ಣದ ಕಲ್ಲಿನ ಮನೆ ಇದ್ದೇ ಇರುತ್ತದೆ. ಮುಂದೆ ಹುಲ್ಲುಹಾಸು, ಹಿಂದೆ ದೇವದಾರು ಮರಗಳು, ಮಧ್ಯದಲ್ಲೊಂದು ಗೋಪುರ. ಇಂಗ್ಲೆಂಡಿನ ಯಾವುದೋ ಜಮೀನ್ದಾರನ ಮನೆಯನ್ನು ಕಿತ್ತು ತಂದು ಹಿಮಾಲಯದ ಮೇಲೆ ಇಟ್ಟ ಹಾಗೆ ಕಾಣುತ್ತದೆ. ಅದರ ಬಗ್ಗೆ ನಮ್ಮ ಕಡೆಯವರು ಮತ್ತೆ ಮತ್ತೆ ಕೇಳುವ ಪ್ರಶ್ನೆಗಳಿಗೆ ಇಲ್ಲಿ ಉತ್ತರಗಳಿವೆ.

ಇದರ ಸರಿಯಾದ ಹೆಸರು ಯಾವುದು?

ಮೂರು ಹೆಸರುಗಳಿವೆ, ಮೂರೂ ಸರಿ. ಕಟ್ಟಿದಾಗ ವೈಸ್‌ರೀಗಲ್ ಲಾಡ್ಜ್. ಸ್ವಾತಂತ್ರ್ಯ ಬಂದ ಮೇಲೆ ರಾಷ್ಟ್ರಪತಿ ನಿವಾಸ. ಈಗ ಒಳಗಿರುವುದು ಭಾರತೀಯ ಉನ್ನತ ಅಧ್ಯಯನ ಸಂಸ್ಥೆ. ಟ್ಯಾಕ್ಸಿಯವರಿಗೆ ಮಾತ್ರ ಇವತ್ತಿಗೂ ಹಳೆಯ ಹೆಸರೇ ಬೇಗ ಅರ್ಥವಾಗುತ್ತದೆ.

ಕಟ್ಟಡ ನಿಂತಿರುವ ಗುಡ್ಡ ಅಬ್ಸರ್ವೇಟರಿ ಹಿಲ್. ಬೊಯ್ಲೊ ಎಂಬ ಸೇನಾಧಿಕಾರಿ ಬಂಗಲೆಗೂ ಮುಂಚೆಯೇ, 1840ರ ದಶಕದಲ್ಲಿ, ಅಲ್ಲೊಂದು ವೀಕ್ಷಣಾಲಯ ನಡೆಸುತ್ತಿದ್ದ. ಹೆಸರು ಅದರಿಂದ ಬಂದದ್ದು. ಪಕ್ಕದ ಪೇಟೆಗೂ ಅವನದೇ ಹೆಸರು, ಬೊಯ್ಲೊಗಂಜ್. ಜನರ ಬಾಯಲ್ಲಿ ಅದು ಬಾಲೂಗಂಜ್ ಆಗಿಬಿಟ್ಟಿದೆ.

ರಾಜಧಾನಿ ಕಲ್ಕತ್ತೆ. ಹಾಗಿದ್ದರೆ ವೈಸ್‌ರಾಯ್ ಮನೆ ಶಿಮ್ಲಾದಲ್ಲಿ ಯಾಕೆ?

ಸೆಕೆ, ಅಷ್ಟೇ. 1864ರಲ್ಲಿ ವೈಸ್‌ರಾಯ್ ಜಾನ್ ಲಾರೆನ್ಸ್ ಶಿಮ್ಲಾವನ್ನು ಬೇಸಿಗೆ ರಾಜಧಾನಿ ಮಾಡಿದ. ಆಮೇಲೆ ಪ್ರತಿ ವರ್ಷವೂ ಸರ್ಕಾರಕ್ಕೆ ಸರ್ಕಾರವೇ ಗಂಟುಮೂಟೆ ಕಟ್ಟಿಕೊಂಡು ಬೆಟ್ಟ ಹತ್ತುವುದು ರೂಢಿಯಾಯಿತು. ಕಡತ, ಗುಮಾಸ್ತರು, ಅಡುಗೆಯವರು, ನಾಯಿ, ಪಿಯಾನೊ, ಎಲ್ಲವೂ. ಕಲ್ಕತ್ತೆಯಿಂದ ಶಿಮ್ಲಾಗೆ ಒಂದೂವರೆ ಸಾವಿರ ಕಿಲೋಮೀಟರಿಗೂ ಜಾಸ್ತಿ ದೂರ. ಕಾಲ್ಕಾದವರೆಗೆ ರೈಲು ಬಂದದ್ದು 1891ರಲ್ಲಿ, ಅಲ್ಲಿಂದ ಮೇಲಕ್ಕೆ ಪುಟ್ಟ ರೈಲು ಓಡಿದ್ದು 1903ರಲ್ಲಿ. ಅಂದರೆ ಈ ಬಂಗಲೆ ಕಟ್ಟುವಾಗ ರೈಲು ಬೆಟ್ಟದ ಬುಡಕ್ಕೂ ಬಂದಿರಲಿಲ್ಲ. ಆ ಕಾಲದಲ್ಲಿ ವರ್ಷದ ಅರ್ಧಕ್ಕೂ ಜಾಸ್ತಿ ದಿನ ಭಾರತವನ್ನಷ್ಟೇ ಅಲ್ಲ, ಬರ್ಮಾವನ್ನೂ ಈ ಬೆಟ್ಟದ ಮೇಲಿನಿಂದಲೇ ಆಳುತ್ತಿದ್ದರು. ಯೋಚಿಸಿದರೆ ವಿಚಿತ್ರ ಅನಿಸುತ್ತದೆ, ಅಲ್ವಾ?

ಅದಕ್ಕೂ ಮುಂಚೆ ವೈಸ್‌ರಾಯ್‌ಗಳು ಎಲ್ಲಿರುತ್ತಿದ್ದರು?

ಪೀಟರ್‌ಹಾಫ್ ಎಂಬ ಬಾಡಿಗೆ ಮನೆಯಲ್ಲಿ. ಅದು ಯಾರಿಗೂ ಇಷ್ಟವಿರಲಿಲ್ಲ. ಇಕ್ಕಟ್ಟು, ಹಿಂಬದಿಯಲ್ಲೇ ಇಳಿಜಾರು. ನಾಲ್ಕು ಜನ ನೆಂಟರು ಬಂದರೆ ಕೂರಿಸಲು ಜಾಗವಿಲ್ಲದ ಮನೆಯಲ್ಲಿ ಸಾಮ್ರಾಜ್ಯದ ದರ್ಬಾರು ನಡೆಸುವುದು ಹೇಗೆ? ಹೊಸ ಮನೆಯ ಮಾತು 1870ರ ದಶಕದಲ್ಲಿ ಲಾರ್ಡ್ ಲಿಟ್ಟನ್ ಕಾಲದಲ್ಲೇ ಎದ್ದಿತ್ತು. ಗುಡ್ಡವನ್ನು ಗುರುತು ಮಾಡಿದ್ದೂ ಆಗಲೇ. ಕೆಲಸ ಮುಂದೆ ಹೋದದ್ದು ಮಾತ್ರ 1884ರಲ್ಲಿ ಲಾರ್ಡ್ ಡಫರಿನ್ ವೈಸ್‌ರಾಯ್ ಆಗಿ ಬಂದ ಮೇಲೆ.

ಕಟ್ಟಿಸಿದವನು ಡಫರಿನ್ ಅಂದ್ರೆ, ಬರೀ ಸಹಿ ಹಾಕಿದನಾ ಅಥವಾ ನಿಂತು ಕಟ್ಟಿಸಿದನಾ?

ನಿಂತೇ ಕಟ್ಟಿಸಿದ. ಮನೆ ಕಟ್ಟುವ ಹುಚ್ಚು ಒಮ್ಮೆ ಹತ್ತಿದರೆ ಬಿಡುವುದಿಲ್ಲ ಅಂತಾರಲ್ಲ, ಅಂಥವನು. ಐರ್ಲೆಂಡಿನಲ್ಲಿದ್ದ ತನ್ನ ಸ್ವಂತ ಮನೆಯನ್ನು ಕೋಟೆಯ ಹಾಗೆ ಕಟ್ಟಬೇಕೆಂದು ನಕ್ಷೆ ಮಾಡಿಸಿಕೊಂಡಿದ್ದ. ಅದು ಕೈಗೂಡಿರಲಿಲ್ಲ. ಆ ಆಸೆಯನ್ನೆಲ್ಲ ಇಲ್ಲಿ ತೀರಿಸಿಕೊಂಡ, ಅದೂ ಸರ್ಕಾರದ ದುಡ್ಡಿನಲ್ಲಿ. ಶಿಮ್ಲಾದಲ್ಲಿದ್ದಾಗಲೆಲ್ಲ ಹೋಗಿ ಕೆಲಸ ನೋಡುತ್ತಿದ್ದ, ನಕ್ಷೆ ತಿದ್ದಿಸುತ್ತಿದ್ದ. ಎಂಜಿನಿಯರುಗಳ ಪಾಡು ಊಹಿಸಿಕೊಳ್ಳಿ.

1888ರ ಜುಲೈ 23ರಂದು ಸಂಸಾರ ಸಮೇತ ಒಳಗೆ ಬಂದ. ತಮಾಷೆ ಏನೆಂದರೆ, ಅದೇ ವರ್ಷದ ಕೊನೆಗೆ ಅವನ ಅವಧಿ ಮುಗಿಯಿತು. ಇಷ್ಟು ಆಸೆಪಟ್ಟು ಕಟ್ಟಿಸಿದ ಮನೆಯಲ್ಲಿ ಅವನು ಕಳೆದದ್ದು ಕೆಲವೇ ತಿಂಗಳು.

ಮೈಸೂರು ಅರಮನೆ ಕಟ್ಟಿದವರೇ ಇದನ್ನೂ ಕಟ್ಟಿದ್ದು ಅಂತಾರೆ. ನಿಜವಾ?

ನಿಜ. ಎರಡರ ಹಿಂದೆಯೂ ಇದ್ದ ವಾಸ್ತುಶಿಲ್ಪಿ ಹೆನ್ರಿ ಇರ್ವಿನ್. 1897ರಲ್ಲಿ ರಾಜಕುಮಾರಿ ಜಯಲಕ್ಷ್ಮಮ್ಮಣ್ಣಿಯವರ ಮದುವೆಯ ಹೊತ್ತಿಗೆ ಮೈಸೂರಿನ ಹಳೆಯ ಮರದ ಅರಮನೆ ಸುಟ್ಟುಹೋಯಿತು. ಹೊಸದಕ್ಕೆ ನಕ್ಷೆ ಮಾಡಿದವನು ಇದೇ ಇರ್ವಿನ್. ಅದು 1912ರಲ್ಲಿ ಮುಗಿಯಿತು. ಮದ್ರಾಸಿನ ಹೈಕೋರ್ಟಿನ ಕೆಲಸದಲ್ಲೂ ಅವನ ಕೈಯಿದೆ.

ಆದರೆ ಎರಡನ್ನೂ ಅಕ್ಕಪಕ್ಕ ಇಟ್ಟು ನೋಡಿದರೆ ಒಬ್ಬನೇ ಮಾಡಿದ್ದು ಅಂತ ನಂಬುವುದು ಕಷ್ಟ. ಮೈಸೂರಿನಲ್ಲಿ ಗುಮ್ಮಟ, ಕಮಾನು, ಬಣ್ಣದ ಗಾಜು. ಶಿಮ್ಲಾದಲ್ಲಿ ಮುಖ ಬಿಗಿದುಕೊಂಡ ಕಲ್ಲು, ಚೂಪು ಮಾಡು, ಉದ್ದನೆ ಕಿಟಕಿ. ಇಂಗ್ಲೆಂಡಿನಲ್ಲಿ ರಾಣಿ ಮೊದಲನೇ ಎಲಿಜಬೆತ್ ಮತ್ತು ದೊರೆ ಮೊದಲನೇ ಜೇಮ್ಸ್ ಕಾಲದಲ್ಲಿ ಶ್ರೀಮಂತರು ಹಳ್ಳಿಗಳಲ್ಲಿ ಕಟ್ಟಿಕೊಳ್ಳುತ್ತಿದ್ದ ಮನೆಗಳ ಶೈಲಿ ಇದು, ಜೊತೆಗೆ ಸ್ಕಾಟ್ಲೆಂಡಿನ ಕೋಟೆಗಳ ಒಂದಿಷ್ಟು ನೆರಳು. ನನಗೆ ಕುತೂಹಲ ಅನಿಸುವುದು ಇಲ್ಲೇ. ಒಡೆಯರಿಗೆ ಕಟ್ಟುವಾಗ ಇರ್ವಿನ್ ಭಾರತದ್ದನ್ನೆಲ್ಲ ಒಂದೇ ಕಡೆ ಸೇರಿಸಿದ. ತನ್ನವರಿಗೆ ಕಟ್ಟುವಾಗ ಭಾರತ ಎಲ್ಲೂ ಕಾಣದ ಹಾಗೆ ನೋಡಿಕೊಂಡ. ಯಾರಿಗೆ ಏನು ಬೇಕು ಅನ್ನೋದು ಆ ಮನುಷ್ಯನಿಗೆ ಚೆನ್ನಾಗಿ ಗೊತ್ತಿತ್ತು.

ಗಾಂಧಿ–ಇರ್ವಿನ್ ಒಪ್ಪಂದದ ಇರ್ವಿನ್ ಇವನೇನಾ?

ಅಲ್ಲ. ಅವನು ಲಾರ್ಡ್ ಇರ್ವಿನ್, 1926ರಿಂದ 1931ರವರೆಗೆ ವೈಸ್‌ರಾಯ್. ಈ ಮನೆಯಲ್ಲಿ ವಾಸವಿದ್ದವನು. ಹೆನ್ರಿ ಇರ್ವಿನ್ ಇದನ್ನು ಕಟ್ಟಿದವನು. ಪರೀಕ್ಷೆಗೆ ಓದುವ ಮಕ್ಕಳು ಗಮನಿಸಿ.

ಕಲ್ಲು, ಮರ ಎಲ್ಲ ಎಲ್ಲಿಂದ ಬಂತು? ಮೇಲಕ್ಕೆ ಹೊತ್ತವರು ಯಾರು?

ಬೂದು ಮರಳುಗಲ್ಲು ಕಾಲ್ಕಾ ಕಡೆಯದು, ನೀಲಿ ಛಾಯೆಯ ಸುಣ್ಣದ ಕಲ್ಲು ಹತ್ತಿರದ್ದೇ. ಕಲ್ಲನ್ನು ಹೇಸರಗತ್ತೆಗಳ ಬೆನ್ನ ಮೇಲೆ ಏರಿಸಿದರು. ಒಳಗಿನ ಕೆಲಸಕ್ಕೆ ಹಿಮಾಲಯದ ದೇವದಾರು, ಕಾಶ್ಮೀರದ ಅಕ್ರೋಟು ಮರ, ಬರ್ಮಾದ ತೇಗ. ಮೇಜು ಕುರ್ಚಿ, ಪರದೆಗಳ ಉಸ್ತುವಾರಿ ಲಂಡನ್ನಿನ ಮೇಪಲ್ ಕಂಪನಿಯದು. ಮಟ್ಟವಾದ ಜಾಗ ಬೇಕೆಂದು ಗುಡ್ಡದ ನೆತ್ತಿಯನ್ನೇ ಕತ್ತರಿಸಿ ಹಾಕಿದರು.

ಆ ತೇಗದ ಬಗ್ಗೆ ಒಂದು ಮಾತು. ಮೇಲಣ ಬರ್ಮಾವನ್ನು ಬ್ರಿಟಿಷರು ತಮ್ಮದು ಅಂತ ಘೋಷಿಸಿದ್ದು 1886ರ ಜನವರಿ 1ರಂದು. ಆಗ ವೈಸ್‌ರಾಯ್ ಇದೇ ಡಫರಿನ್. ಮುಂದೆ ಅವನ ಬಿರುದಿಗೆ ಸೇರಿಕೊಂಡ ‘ಆವಾ’ ಬರ್ಮಾದ ಹಳೆಯ ರಾಜಧಾನಿಯ ಹೆಸರು. ಅತ್ತ ಬರ್ಮಾದ ದೊರೆ ಥೀಬೋನನ್ನು ಹಡಗು ಹತ್ತಿಸಿ ಕೊನೆಗೆ ಕೊಂಕಣದ ರತ್ನಾಗಿರಿಯಲ್ಲಿಟ್ಟರು, ಇತ್ತ ಬರ್ಮಾದ ಮರ ಶಿಮ್ಲಾದಲ್ಲಿ ವೈಸ್‌ರಾಯ್ ಮನೆಯ ಮೊಗಸಾಲೆಯಾಯಿತು. ಒಳಗೆ ಕಾಲಿಟ್ಟ ಕೂಡಲೇ ಮೂರು ಅಂತಸ್ತಿನೆತ್ತರಕ್ಕೆ ಏಳುವ ತೇಗದ ಕೆಲಸ ನೋಡಿ ಎಲ್ಲರೂ ಬಾಯಿ ಬಿಡುತ್ತಾರೆ. ನಾನೂ ಬಿಟ್ಟವನೇ.

ಹೊತ್ತವರ ವಿಷಯಕ್ಕೆ ಬರೋಣ. ಶಿಮ್ಲಾ ಸುತ್ತಲಿನ ಬೆಟ್ಟಗಳಲ್ಲಿ ‘ಬೇಗಾರ್’ ಎಂಬ ಪದ್ಧತಿ ಇತ್ತು. ನಮ್ಮ ಕಡೆ ಬಿಟ್ಟಿ ಚಾಕರಿ ಅಂತೀವಲ್ಲ, ಅದೇ. ಸಾಹೇಬರ ಸಾಮಾನು ಹೊರಲು ಹಳ್ಳಿಯವರು ಹೊಲದ ಕೆಲಸ ಬಿಟ್ಟು ಬರಬೇಕು, ಕೂಲಿ ಕೊಟ್ಟರೆ ಕೊಟ್ಟರು, ಇಲ್ಲದಿದ್ದರೆ ಇಲ್ಲ. ವರ್ಷಕ್ಕೆರಡು ಸಲ ಸರ್ಕಾರವೇ ಬೆಟ್ಟ ಹತ್ತಿ ಇಳಿಯುತ್ತಿತ್ತು ಅಂದೆನಲ್ಲ, ಅದರ ಭಾರ ಬಿದ್ದದ್ದು ಇಂಥವರ ಬೆನ್ನ ಮೇಲೆ. ಇದರ ವಿರುದ್ಧ 1920–21ರ ಸುಮಾರಿಗೆ ಜನರನ್ನು ಸೇರಿಸಿ ಹೋರಾಡಿದವರು ಸ್ಯಾಮ್ಯುಯಲ್ ಸ್ಟೋಕ್ಸ್. ಅಮೆರಿಕದಿಂದ ಬಂದು ಕೋಟ್‌ಗಢದಲ್ಲಿ ನೆಲೆಸಿದವರು. ಹಿಮಾಚಲಕ್ಕೆ ಅಮೆರಿಕದ ಕೆಂಪು ಸೇಬಿನ ತಳಿ ತಂದವರೂ ಅವರೇ. ಸೇಬಿಗಾಗಿ ಅವರನ್ನು ನೆನೆಯುವವರು ತುಂಬಾ ಜನ, ಬೇಗಾರ್‌ಗಾಗಿ ನೆನೆಯುವವರು ಕಡಿಮೆ.

ಖರ್ಚು ಎಷ್ಟಾಯಿತು?

ಸುಮಾರು 38 ಲಕ್ಷ ರೂಪಾಯಿ. ಇದು 1888ರ ದುಡ್ಡು. ಹೋಲಿಕೆಗೆ ಹೇಳುವುದಾದರೆ, 24 ವರ್ಷ ಬಿಟ್ಟು ಮುಗಿದ ಮೈಸೂರು ಅರಮನೆಗೆ 41 ಲಕ್ಷ ಚಿಲ್ಲರೆ ಹಿಡಿಯಿತು. ಒಂದು ರಾಜ್ಯದ ಮುಖ್ಯ ಅರಮನೆಗೆ ಆದಷ್ಟೇ ಖರ್ಚು ಬೇಸಿಗೆ ಮನೆಗೂ ಆಗಿತ್ತು.

ಆಗಲೇ ಕರೆಂಟು ಇತ್ತಂತೆ, ಹೌದಾ?

ಹೌದು. ಮೊದಲ ದಿನದಿಂದಲೇ ವಿದ್ಯುತ್ ದೀಪಗಳಿದ್ದವು, ಅದಕ್ಕಾಗಿ ಸ್ವಂತ ಜನರೇಟರ್ ಇತ್ತು. ಪೇಟೆಗೆ ಕರೆಂಟು ಬರಲು ಇನ್ನೂ ಬಹಳ ವರ್ಷ ಬೇಕಿತ್ತು. ಶಿವನಸಮುದ್ರದಿಂದ ಬೆಂಗಳೂರಿಗೆ ಬೀದಿದೀಪ ಬಂದದ್ದು 1905ರಲ್ಲಿ ಅನ್ನುವುದನ್ನು ನೆನಪಿಟ್ಟುಕೊಂಡರೆ ಇದು ಎಷ್ಟು ಹೊಸದಾಗಿತ್ತು ಎಂದು ತಿಳಿಯುತ್ತದೆ. ಲೇಡಿ ಡಫರಿನ್ ತನ್ನ ದಿನಚರಿಯಲ್ಲಿ, ಕೋಣೆಯೊಳಗೆ ಓಡಾಡುತ್ತ ಅಲ್ಲೊಂದು ಇಲ್ಲೊಂದು ಗುಂಡಿ ಒತ್ತಿ ದೀಪ ಹಚ್ಚಿ ಆರಿಸುವುದೇ ಒಂದು ಖುಷಿ ಎಂದು ಬರೆದುಕೊಂಡಿದ್ದಾಳೆ. ಹೊಸ ಮನೆಗೆ ಹೋದಾಗ ಮಕ್ಕಳು ಮಾಡುವುದೂ ಅದನ್ನೇ.

ಬೆಂಕಿಗೂ ಏರ್ಪಾಡಿತ್ತು. ನೀರಿನ ಕೊಳವೆಗಳ ಬಾಯಿಗೆ ಮೇಣ. ಬಿಸಿಗೆ ಮೇಣ ಕರಗಿದರೆ ನೀರು ತಾನಾಗೇ ಚಿಮ್ಮಬೇಕು. ಇಷ್ಟೊಂದು ಮರ ತುಂಬಿದ ಮನೆಗೆ ಇದು ಬೇಕೇ ಬೇಕಿತ್ತು.

ಇಲ್ಲಿದ್ದ ವೈಸ್‌ರಾಯ್‌ಗಳಿಗೆ ಈ ಮನೆ ಹಿಡಿಸಿತ್ತಾ?

ಎಲ್ಲರಿಗೂ ಅಲ್ಲ. ಡಫರಿನ್‌ನಿಂದ ಮೌಂಟ್‌ಬ್ಯಾಟನ್‌ವರೆಗೆ, ಹಂಗಾಮಿಗಳನ್ನು ಬಿಟ್ಟರೆ, 13 ವೈಸ್‌ರಾಯ್‌ಗಳು ಇಲ್ಲಿ ಇದ್ದರು. ಅವರಲ್ಲಿ ಇದನ್ನು ಚೆನ್ನಾಗಿ ಬೈದವನು ಲಾರ್ಡ್ ಕರ್ಜನ್. ಅವನ ಹೆಂಡತಿ ಮೇರಿ ಅಮೆರಿಕದವಳು. ಮಿನ್ನಿಯಾಪೊಲಿಸ್‌ನ ಯಾವನಾದರೂ ಕೋಟ್ಯಧೀಶನಿಗೆ ಇದು ಬಲು ಇಷ್ಟವಾದೀತು ಎಂದು ಆಕೆ ಹಂಗಿಸಿದ್ದು ಈಗಲೂ ಪ್ರಸಿದ್ಧ. ಅಂದರೆ ಹೊಸ ದುಡ್ಡಿನವರ ರುಚಿ ಅಂತ. ಕರ್ಜನ್‌ಗೆ ಇಲ್ಲಿ ಉಸಿರು ಕಟ್ಟಿದಂತಾಗಿ ಆಗಾಗ ಹತ್ತಿರದ ನಾಲ್ದೇರಾಗೆ ಹೋಗಿ ಡೇರೆ ಹಾಕಿಕೊಂಡು ಇರುತ್ತಿದ್ದ. ಆ ಜಾಗ ಎಷ್ಟು ಹಿಡಿಸಿತ್ತೆಂದರೆ ಮೂರನೆಯ ಮಗಳಿಗೆ ಅಲೆಕ್ಸಾಂಡ್ರಾ ನಾಲ್ದೇರಾ ಅಂತಲೇ ಹೆಸರಿಟ್ಟ. ಅರಮನೆ ಬಿಟ್ಟು ಡೇರೆಗೆ ಹೋದವನ ಮಾತನ್ನು ಎಷ್ಟು ಗಂಭೀರವಾಗಿ ತೆಗೆದುಕೊಳ್ಳಬೇಕೋ ಗೊತ್ತಿಲ್ಲ. ಹೊರಗಿನಿಂದ ನೋಡಿದರೆ ಅವನ ಮಾತಿನಲ್ಲಿ ಅರ್ಥವಿದೆ. ಎಲ್ಲವೂ ಸ್ವಲ್ಪ ಜಾಸ್ತಿಯೇ.

1945ರ ಶಿಮ್ಲಾ ಸಮ್ಮೇಳನದಲ್ಲಿ ಆದದ್ದೇನು?

ಈ ಮನೆಯ ಚರಿತ್ರೆಯಲ್ಲಿ ನಿಜವಾಗಿ ತೂಕವಿರುವ ಭಾಗ ಇದು. ಎರಡನೇ ಮಹಾಯುದ್ಧ ಯುರೋಪಿನಲ್ಲಿ ಮುಗಿದಿತ್ತು. ವೈಸ್‌ರಾಯ್ ವೇವಲ್ ಒಂದು ಯೋಜನೆ ಮುಂದಿಟ್ಟ. ತನ್ನ ಕಾರ್ಯಕಾರಿ ಮಂಡಳಿಯಲ್ಲಿ ತಾನು ಮತ್ತು ಸೇನಾಪತಿ ಬಿಟ್ಟು ಉಳಿದವರೆಲ್ಲ ಭಾರತೀಯರೇ ಇರಲಿ, ಸವರ್ಣ ಹಿಂದೂಗಳಿಗೂ ಮುಸ್ಲಿಮರಿಗೂ ಸಮ ಪಾಲು ಇರಲಿ ಅಂತ. ಕ್ವಿಟ್ ಇಂಡಿಯಾ ಚಳವಳಿಯಲ್ಲಿ 1942ರಿಂದ ಜೈಲಿನಲ್ಲಿದ್ದ ಕಾಂಗ್ರೆಸ್ ನಾಯಕರನ್ನು ಜೂನ್ 15ರಂದು ಬಿಟ್ಟರು. ಹತ್ತು ದಿನಕ್ಕೆ, ಜೂನ್ 25ರಂದು, ಅವರು ವೈಸ್‌ರಾಯ್ ಮನೆಯ ಸಭೆಯಲ್ಲಿ ಕೂತಿದ್ದರು. ಜೈಲಿನಿಂದ ಸೀದಾ ಇಲ್ಲಿಗೆ!

ಕಾಂಗ್ರೆಸ್ ಅಧ್ಯಕ್ಷರಾಗಿ ಬಂದದ್ದು ಮೌಲಾನಾ ಆಜಾದ್, ಮುಸ್ಲಿಂ ಲೀಗ್ ಕಡೆಯಿಂದ ಜಿನ್ನಾ. ಮಾತು ಮುರಿದದ್ದು ಒಂದೇ ವಿಷಯಕ್ಕೆ. ಮಂಡಳಿಯ ಮುಸ್ಲಿಂ ಸದಸ್ಯರೆಲ್ಲರನ್ನೂ ಲೀಗೇ ಹೆಸರಿಸಬೇಕು, ಬೇರೆಯವರು ಕೂಡದು ಅಂತ ಜಿನ್ನಾ ಪಟ್ಟು ಹಿಡಿದರು. ಕಾಂಗ್ರೆಸ್ ಅಧ್ಯಕ್ಷರೇ ಮುಸ್ಲಿಮರಾಗಿದ್ದಾಗ ಕಾಂಗ್ರೆಸ್ ಇದನ್ನು ಒಪ್ಪುವುದಾದರೂ ಹೇಗೆ? ಜುಲೈ 14ರಂದು ಸಭೆ ವಿಫಲವಾಯಿತು ಎಂದು ವೇವಲ್ ಹೇಳಿಬಿಟ್ಟ, ತಪ್ಪು ತನ್ನದೇ ಎಂದೂ ಹೇಳಿಕೊಂಡ. ಮರುವರ್ಷ ಮೇ ತಿಂಗಳಲ್ಲಿ ಬ್ರಿಟನ್ನಿನ ಮಂತ್ರಿಗಳ ತಂಡ, ಅಂದರೆ ಕ್ಯಾಬಿನೆಟ್ ಮಿಷನ್, ಇದೇ ಮನೆಯಲ್ಲಿ ಮತ್ತೆ ಎಲ್ಲರನ್ನೂ ಕೂರಿಸಿತು. ಅದೂ ಒಂದು ವಾರದಲ್ಲಿ ಮುರಿದುಬಿತ್ತು.

1945ರಲ್ಲಿ ಗಾಂಧೀಜಿ ಇಲ್ಲಿ ಉಳಿದಿದ್ದರಾ?

ಶಿಮ್ಲಾದಲ್ಲಿದ್ದರು, ಈ ಮನೆಯಲ್ಲಲ್ಲ. ವೇವಲ್‌ನನ್ನು ಬಂದು ಕಂಡರು, ಆದರೆ ಪ್ರತಿನಿಧಿಯಾಗಿ ಸಭೆಯಲ್ಲಿ ಕೂರಲಿಲ್ಲ. ಅವರು ಉಳಿದದ್ದು ಸಮ್ಮರ್ ಹಿಲ್‌ನಲ್ಲಿ, ರಾಜಕುಮಾರಿ ಅಮೃತ್ ಕೌರ್ ಅವರ ಮನೆಯಲ್ಲಿ.

ದೇಶ ಇಬ್ಭಾಗ ಮಾಡಿದ ಮೇಜು ಅಂತ ಒಂದನ್ನು ತೋರಿಸುತ್ತಾರಂತೆ?

ತೋರಿಸುತ್ತಾರೆ. ಗಡಿ ರೇಖೆ ಎಳೆದ ರ‍್ಯಾಡ್‌ಕ್ಲಿಫ್ ಭಾರತಕ್ಕೆ ಕಾಲಿಟ್ಟದ್ದೇ 1947ರ ಜುಲೈ 8ಕ್ಕೆ. ಈ ಮನೆಯ ದೊಡ್ಡ ಮಾತುಕತೆಗಳೆಲ್ಲ ಅದಕ್ಕಿಂತ ಮುಂಚಿನವು. ಹಾಗಾಗಿ ಮೇಜಿನ ಕತೆಯನ್ನು ಕತೆ ಅಂತಲೇ ಕೇಳಿ.

ಆದರೆ ವಿಭಜನೆಗೂ ಈ ಬೆಟ್ಟಕ್ಕೂ ನಂಟು ಇಲ್ಲ ಅಂತಲ್ಲ. 1947ರ ಮೇ ತಿಂಗಳಲ್ಲಿ ಮೌಂಟ್‌ಬ್ಯಾಟನ್ ಶಿಮ್ಲಾಗೆ ಬಂದಾಗ ಜೊತೆಗೆ ನೆಹರೂ ಅತಿಥಿಯಾಗಿದ್ದರು. ಅಧಿಕಾರ ಹಸ್ತಾಂತರದ ಕರಡನ್ನು ಮೇ 10ರ ರಾತ್ರಿ ಮೌಂಟ್‌ಬ್ಯಾಟನ್ ಅವರಿಗೆ ಗುಟ್ಟಾಗಿ ಓದಲು ಕೊಟ್ಟ. ಪ್ರಾಂತ್ಯಗಳು ಬೇಕಾದ ದಾರಿ ಹಿಡಿಯಬಹುದು ಎಂಬ ಧಾಟಿಯಲ್ಲಿದ್ದ ಅದನ್ನು ಓದಿ ನೆಹರೂ ಕೆರಳಿದರು. ದೇಶ ಎರಡಲ್ಲ, ಚೂರುಚೂರಾಗುತ್ತದೆ ಎಂಬುದು ಅವರ ಭಯ. ಆಗ ವೈಸ್‌ರಾಯ್‌ನ ಸಲಹೆಗಾರ ಅಧಿಕಾರಿ ವಿ. ಪಿ. ಮೆನನ್ ಕೆಲವೇ ಗಂಟೆಗಳಲ್ಲಿ ಹೊಸ ಕರಡು ಬರೆದರು. ಜೂನ್ 3ರಂದು ಹೊರಬಿದ್ದ ಯೋಜನೆಯ ಬೇರು ಅದರಲ್ಲಿದೆ. ಮೇಜಿನ ಕತೆಗಿಂತ ಈ ರಾತ್ರಿಯ ಕತೆ ಎಷ್ಟೋ ಚೆನ್ನಾಗಿದೆ, ಯಾಕೋ ಇದನ್ನು ಹೇಳುವವರು ಕಡಿಮೆ.

ಇಂದಿರಾ–ಭುಟ್ಟೊ ಒಪ್ಪಂದಕ್ಕೆ ಸಹಿ ಹಾಕಿದ್ದು ಇಲ್ಲೇ ಅಲ್ವಾ?

ಅಲ್ಲ. 1972ರ ಆ ಒಪ್ಪಂದ ಆದದ್ದು ಬಾರ್ನ್ಸ್ ಕೋರ್ಟ್ ಎಂಬ ಇನ್ನೊಂದು ಹಳೆಯ ಬಂಗಲೆಯಲ್ಲಿ. ಮುಂದೆ ಅದೇ ಹಿಮಾಚಲದ ರಾಜಭವನವಾಯಿತು. ಹಾಗೆಯೇ ಗೋಡ್ಸೆಯ ಮೇಲ್ಮನವಿಯ ವಿಚಾರಣೆಯೂ ಈ ಮನೆಯಲ್ಲಿ ನಡೆದದ್ದಲ್ಲ. 1949ರಲ್ಲಿ ಅದು ನಡೆದದ್ದು ಪೀಟರ್‌ಹಾಫ್‌ನಲ್ಲಿ. ವೈಸ್‌ರಾಯ್‌ಗಳು ಬೇಡವೆಂದು ಬಿಟ್ಟುಹೋದ ಮನೆಯಲ್ಲಿ ಆಗ ಪಂಜಾಬ್ ಹೈಕೋರ್ಟ್ ಇತ್ತು.

ಅರಮನೆಯನ್ನು ಓದುವವರಿಗೆ ಬಿಟ್ಟುಕೊಟ್ಟದ್ದು ಯಾರು?

ರಾಷ್ಟ್ರಪತಿ ರಾಧಾಕೃಷ್ಣನ್. ವರ್ಷದಲ್ಲಿ ಕೆಲವು ದಿನ ಬಂದು ಹೋಗಲು ಇಷ್ಟು ದೊಡ್ಡ ಮನೆ ಯಾಕೆ ಅಂತ ಅವರಿಗೆ ಅನಿಸಿತು. ಅವರೋ ಮೇಷ್ಟ್ರು, ಒಂದು ಕಾಲಕ್ಕೆ ಮೈಸೂರಿನ ಮಹಾರಾಜ ಕಾಲೇಜಿನಲ್ಲಿ ತತ್ವಶಾಸ್ತ್ರ ಹೇಳಿಕೊಟ್ಟವರು. 1965ರ ಅಕ್ಟೋಬರ್ 20ರಂದು ಉನ್ನತ ಅಧ್ಯಯನ ಸಂಸ್ಥೆಯನ್ನು ಅವರೇ ಇಲ್ಲಿ ಉದ್ಘಾಟಿಸಿದರು. ಮೊದಲ ನಿರ್ದೇಶಕರು ಬಂಗಾಳದ ಇತಿಹಾಸಕಾರ ನಿಹಾರ್ ರಂಜನ್ ರೇ. ನಾಟ್ಯದ ಹಜಾರ, ಊಟದ ಮನೆಗಳಲ್ಲಿ ಪುಸ್ತಕದ ಕಪಾಟುಗಳು ಬಂದವು. ಒಂದು ಕಾಲಕ್ಕೆ ದೊರೆಸಾನಿಗಳು ಕುಣಿಯುತ್ತಿದ್ದ ನೆಲದ ಮೇಲೆ ಈಗ ಕುರ್ಚಿ ಎಳೆದ ಸದ್ದಾದರೆ ಎಲ್ಲರೂ ತಿರುಗಿ ನೋಡುತ್ತಾರೆ.

ಒಂದು ಲೆಕ್ಕ ಹೇಳಲೇ? ಇದು ವೈಸ್‌ರಾಯ್‌ಗಳ ಮನೆಯಾಗಿದ್ದದ್ದು 59 ವರ್ಷ. ಓದುವವರ ಮನೆಯಾಗಿ ಅದಕ್ಕಿಂತ ಹೆಚ್ಚು ವರ್ಷಗಳಾದವು. ಹಾಗಿದ್ದರೂ ನಾವು ಈಗಲೂ ವೈಸ್‌ರಾಯ್ ಬಂಗಲೆ ಅಂತಲೇ ಕರೆಯುತ್ತೇವೆ. ಈ ಬರಹದ ತಲೆಬರಹವನ್ನೇ ನೋಡಿ.

ಕನ್ನಡದವರು ಯಾರಾದರೂ ಇಲ್ಲಿದ್ದರಾ?

ವಿ. ಕೃ. ಗೋಕಾಕರು 1970ರ ಸುಮಾರಿಗೆ ಇಲ್ಲಿ ನಿರ್ದೇಶಕರಾಗಿದ್ದರು. ಸವಣೂರಿನ ಹುಡುಗ ಡಫರಿನ್ ಮನೆಯ ಯಜಮಾನಿಕೆ ನೋಡಿಕೊಂಡದ್ದು ನನಗಂತೂ ಖುಷಿಯ ವಿಷಯ.

ಆಂಗ್ ಸಾನ್ ಸೂ ಕೀ ಇಲ್ಲಿ ಓದಿದ್ದರು ಅನ್ನೋದು?

ಹೌದು, 1987ರ ಸುಮಾರಿಗೆ ಸಂಶೋಧಕಿಯಾಗಿ ಇಲ್ಲಿದ್ದರು. ಬರ್ಮಾದ ರಾಜಕೀಯಕ್ಕೆ ಇಳಿದದ್ದು ಮರುವರ್ಷ. ಮೇಲೆ ಹೇಳಿದ ತೇಗದ ವಿಷಯ ನೆನಪಿದೆಯಲ್ಲ? ಬರ್ಮಾ ಬ್ರಿಟಿಷರ ಕೈಸೇರಿ ಸರಿಸುಮಾರು ನೂರು ವರ್ಷಕ್ಕೆ, ಆ ದೇಶದ ಸ್ವಾತಂತ್ರ್ಯಕ್ಕೆ ಹೋರಾಡಿದವನ ಮಗಳು ಅದೇ ದೇಶದ ಮರದ ಕೆಳಗೆ ಓಡಾಡಿದಳು.

ಮಳೆ ನೀರು ಎರಡು ಕಡಲಿಗೆ ಹೋಗುತ್ತದೆ ಅನ್ನೋದು ಸುಮ್ನೆ ಹೇಳೋ ಮಾತಾ?

ಸುಮ್ನೆ ಅಲ್ಲ. ಶಿಮ್ಲಾದ ಈ ಏಣು ನೀರು ಕವಲೊಡೆಯುವ ಜಾಗ. ಒಂದು ಬದಿಯ ನೀರು ಸಟ್ಲೆಜ್ ಸೇರಿ, ಸಿಂಧೂ ಮೂಲಕ ಅರಬ್ಬೀ ಸಮುದ್ರಕ್ಕೆ. ಇನ್ನೊಂದು ಬದಿಯದು ಯಮುನೆ, ಗಂಗೆಯ ಮೂಲಕ ಬಂಗಾಳ ಕೊಲ್ಲಿಗೆ. ಸಕಲೇಶಪುರದ ಕಡೆ ಘಟ್ಟದ ಮೇಲೆ ನಿಂತು ನೋಡಿದವರಿಗೆ ಇದು ಹೊಸತಲ್ಲ.

ಹೋಗಿ ನೋಡಬಹುದಾ? ಎಷ್ಟು ಹೊತ್ತು ಬೇಕು?

ಟಿಕೆಟ್ ತೆಗೆದುಕೊಂಡು ಹೋಗಬಹುದು. ಒಳಗೆ ಗೈಡ್ ಜೊತೆ ಗುಂಪಾಗಿ ಕರೆದುಕೊಂಡು ಹೋಗುತ್ತಾರೆ, ಕೆಲವು ಕೋಣೆಗಳಿಗೆ ಮಾತ್ರ. ಒಳಗೆ ಫೋಟೊ ತೆಗೆಯುವ ಹಾಗಿಲ್ಲ. 1945ರ ಸಭೆಯ ಹಳೆಯ ಚಿತ್ರಗಳನ್ನು ಗೋಡೆಗೆ ಹಾಕಿದ್ದಾರೆ, ಅವುಗಳ ಮುಂದೆ ಸ್ವಲ್ಪ ನಿಲ್ಲಿ. ಗೈಡ್ ಅವಸರ ಮಾಡಿದರೂ ನಿಲ್ಲಿ. ತೋಟಕ್ಕೆ ಒಂದು ಗಂಟೆ ಬೇರೆ ಇಟ್ಟುಕೊಳ್ಳಿ. ಬ್ರಿಟಿಷರ ಕಾಲದಲ್ಲಿ 331 ಎಕರೆ ಇದ್ದದ್ದು ಈಗ 110 ಎಕರೆಗೆ ಇಳಿದಿದೆ, ಆದರೂ ನಡೆದು ಮುಗಿಯುವುದಿಲ್ಲ.

ಮಾಲ್ ರೋಡಿನಿಂದ ಸುಮಾರು ನಾಲ್ಕು ಕಿಲೋಮೀಟರ್. ನಡೆದು ಹೋಗುವುದೇ ಚೆನ್ನ, ಮರದ ನೆರಳಿನ ದಾರಿ. ಕೈಯಲ್ಲಿ ತಿಂಡಿ ಪೊಟ್ಟಣ ಮಾತ್ರ ಬೇಡ. ಅಲ್ಲಿನ ಕೋತಿಗಳು ಪೊಟ್ಟಣದ ಸದ್ದು ಕೇಳಿದರೆ ಸಾಕು, ಮರದಿಂದ ಇಳಿದುಬಿಡುತ್ತವೆ.